ನಗುವಿಗೆ ಮುಂಚಿನ ಉಸಿರು

ಇನೆಕಿಚಿಗೆ ಆರು ವರ್ಷ. ಆರು ತುಂಬಿ ಎಷ್ಟೋ ಕಾಲವಾಯಿತು, ಏಳು ಮಾತ್ರ ಆಗಲೇ ಇಲ್ಲ. ತೋಫು ಅಂಗಡಿಯ ಈ ತುಂಟ ಪ್ರತಿ ಭಾನುವಾರ ಸಂಜೆ, ಮನೆಮನೆಯಲ್ಲಿ ಅನ್ನ ಬೇಯುವ ಹೊತ್ತಿಗೆ ಸರಿಯಾಗಿ, ಟೀವಿಯಲ್ಲಿ ಹಾಜರಾಗುತ್ತಾನೆ. ಅವನನ್ನು ನೋಡಿ ಬೆಳೆದವರು ಈಗ ತಮ್ಮ ಮಕ್ಕಳನ್ನು ತೊಡೆಯ ಮೇಲೆ ಕೂರಿಸಿಕೊಂಡು ಅವನನ್ನೇ ನೋಡುತ್ತಾರೆ. ಕಂತು ಯಾವುದೇ ಇರಲಿ, ಕೊನೆಯ ದೃಶ್ಯ ಒಂದೇ. ಇನೆಕಿಚಿಯೂ ಅವನ ತಾತನೂ ಜಗುಲಿಯ ಮೇಲೆ ಕೂತಿರುತ್ತಾರೆ, ತಾತ ಏನೋ ಪೆದ್ದು ಮಾತಾಡುತ್ತಾನೆ, ಇನೆಕಿಚಿ ನಗುತ್ತಾನೆ, ಅವನ ನಗು ನೋಡಿ ತಾತನೂ ನಗುತ್ತಾನೆ. ಆ ನಗು ನಿಂತ ಮೇಲೆಯೇ ಮಕ್ಕಳಿಗೆ ನಾಳೆ ಸೋಮವಾರ ಎಂಬ ಸಂಕಟ ಶುರುವಾಗುವುದು.

ಈ ಹುಡುಗನ ಗಂಟಲು ತೊಕಿವಾ ಮಿನೆಕೊ ಎಂಬ ಮುದುಕಿಯದು ಎಂದರೆ ಹೊಸಬರು ನಂಬುವುದಿಲ್ಲ. ಗಂಡುಹುಡುಗರ ದನಿ ಒಂದು ವಯಸ್ಸಿಗೆ ಒಡೆದುಹೋಗುತ್ತದೆ, ಹೆಂಗಸರದು ಒಡೆಯುವುದಿಲ್ಲ. ಹಾಗಾಗಿ ಟೀವಿಯ ಕಾರ್ಟೂನುಗಳಿಗೆ ದನಿ ಕೊಡುವ ಈ ಕಸುಬಿನಲ್ಲಿ ಪುಂಡ ಹುಡುಗರೆಲ್ಲ ಹೆಂಗಸರೇ. ಮಿನೆಕೊ ಅವರು ಎಳೆ ಪ್ರಾಯದಲ್ಲಿ ಇನೆಕಿಚಿಯಾಗಿ, ಬಾಣಂತಿಯಾಗಿದ್ದಾಗಲೂ ಇನೆಕಿಚಿಯಾಗಿ, ಗಂಡ ಸತ್ತ ವಾರದಲ್ಲೂ ಇನೆಕಿಚಿಯಾಗಿ ಬಾಳಿದವರು. ಕೊನೆಗೆ ಒಂದು ಫೆಬ್ರವರಿಯಲ್ಲಿ ತೀರಿಕೊಂಡರು. ಮನೆಯವರು ತಮ್ಮಷ್ಟಕ್ಕೆ ತಾವೇ ಸೇರಿ ಸದ್ದಿಲ್ಲದೆ ಅಂತ್ಯಕ್ರಿಯೆ ಮುಗಿಸಿದರು. ಸುದ್ದಿ ಹೊರಗೆ ಬಂದದ್ದು ಎಷ್ಟೋ ದಿನಗಳ ಮೇಲೆ. ಮನುಷ್ಯರು ಸಾಯಬಹುದು, ಭಾನುವಾರ ಸಾಯುವುದಿಲ್ಲವಲ್ಲ. ಬೇರೊಂದು ಗಂಟಲು ಬೇಕಾಯಿತು.

ಆ ಗಂಟಲು ಚಿಗುಸಾಳದಾಯಿತು. ನಲವತ್ತರ ಹತ್ತಿರ ಬಂದಿದ್ದರೂ ಅವಳಿಗೆ ಸಿಕ್ಕಿದ್ದೆಲ್ಲ ದಾರಿಹೋಕರ ಪಾತ್ರ, ಅಂಗಡಿಯಲ್ಲಿ ನಿಂತ ಎರಡನೆಯ ಹೆಂಗಸಿನ ಪಾತ್ರ, ಲಿಫ್ಟಿನಲ್ಲಿ ಬಾಗಿಲು ಮುಚ್ಚುತ್ತಿದೆ ಎನ್ನುವ ದನಿ. ಗಂಡನಿಗೆ ಕೆಲಸ ದೂರದ ಫುಕುಒಕಾದಲ್ಲಿ. ಟೋಕಿಯೊದ ಎರಡು ಕೋಣೆಯ ಮನೆಯಲ್ಲಿ ಅವಳೂ, ಎರಡನೇ ತರಗತಿಯ ಮಗಳು ಸುಜುವೂ ಇದ್ದರು. ಆಯ್ಕೆಗೆ ಮೊದಲೇ ನಿರ್ದೇಶಕ ಒಬಾಟಾ ಬರುವವರಿಗೆಲ್ಲ ಹೇಳಿ ಕಳಿಸಿದ್ದು ಒಂದೇ ಮಾತು. ನೀವು ಒಳ್ಳೆಯ ಇನೆಕಿಚಿ ಆಗಬೇಕಾಗಿಲ್ಲ, ವ್ಯತ್ಯಾಸ ಗೊತ್ತಾಗದಿದ್ದರೆ ಸಾಕು.

ವ್ಯತ್ಯಾಸ ಗೊತ್ತಾಗಬಾರದು ಎಂದ ಮೇಲೆ ಬುದ್ಧಿವಂತರು ಏನು ಮಾಡುತ್ತಾರೆ? ಜನರ ಕಿವಿಯಲ್ಲಿ ಇನ್ನೂ ಹಸಿಯಾಗಿರುವ ದನಿಯನ್ನೇ ಕಲಿಯುತ್ತಾರೆ. ಚಿಗುಸಾ ಹಳೆಯ ಕಂತುಗಳನ್ನು ಮುಟ್ಟಲೇ ಇಲ್ಲ. ಕೊನೆಯ ಎರಡು ವರ್ಷದವನ್ನು ಹಾಕಿಕೊಂಡು, ಪಾತ್ರೆ ತೊಳೆಯುತ್ತ, ಬಟ್ಟೆ ಹರವುತ್ತ, ಮಾತು ಮಾತನ್ನೂ ಗಂಟಲಿಗೆ ಇಳಿಸಿಕೊಂಡಳು. ಆಗಲೇ ಒಂದು ಸೂಕ್ಷ್ಮ ಅವಳ ಕಿವಿಗೆ ಬಿತ್ತು. ಇನೆಕಿಚಿ ನಗುವ ಮುಂಚೆ ಅವನ ಉಸಿರು ಒಂದು ಚೂರು ತೊಡರುತ್ತದೆ. ಮಳೆಗಾಲದಲ್ಲಿ ಉಬ್ಬಿದ ಬಾಗಿಲು ಚೌಕಟ್ಟಿಗೆ ಕಚ್ಚಿಕೊಂಡು ಆಮೇಲೆ ತೆರೆದುಕೊಳ್ಳುವ ಹಾಗೆ, ಮೊದಲು ಹ್ಕ್ ಎಂದು ತಡೆದು, ಆಮೇಲೆ ನಗು ಬರುತ್ತದೆ. ಬೇರೆ ಯಾರಿಗೂ ಇದು ಹೊಳೆದಿರಲಿಲ್ಲ, ಚಿಗುಸಾಳಿಗೆ ಹೊಳೆಯಿತು. ಆಯ್ಕೆಯ ದಿನ ಅವಳು ಆ ತೊಡರನ್ನು ಹಾಕಿ ನಕ್ಕಾಗ ಒಬಾಟಾ ಕನ್ನಡಕ ತೆಗೆದು ಕಣ್ಣು ಒರೆಸಿಕೊಂಡ.

ಸ್ಟುಡಿಯೋ ಇದ್ದದ್ದು ನೆಲಮಾಳಿಗೆಯಲ್ಲಿ. ನಾಲ್ಕು ಮೈಕು, ಹತ್ತು ಹನ್ನೆರಡು ಜನ. ಯಾರ ಮಾತು ಬಂತೋ ಅವರು ಸದ್ದಾಗದಂತೆ ಮುಂದೆ ಬಂದು ಹೇಳಿ, ಮುಂದಿನವರಿಗೆ ಜಾಗ ಬಿಟ್ಟು ಹಿಂದೆ ಸರಿಯಬೇಕು. ಹಾಳೆ ತಿರುವಿದ್ದು ಕೇಳಬಾರದು, ಬಟ್ಟೆ ಸರಭರ ಎನ್ನಬಾರದು, ಹಸಿದ ಹೊಟ್ಟೆ ಗುರ್ರೆಂದರಂತೂ ಮಾನ ಹೋದಂತೆ. ಚಿತ್ರ ಆಗಿನ್ನೂ ಮುಗಿದಿರುವುದಿಲ್ಲ. ಈ ಕಾರ್ಯಕ್ರಮದಲ್ಲಿ ಹಳೆಯ ಪದ್ಧತಿ, ದನಿ ಮೊದಲು, ಆಮೇಲೆ ಆ ದನಿಗೆ ತಕ್ಕಂತೆ ಚಿತ್ರ. ಹೀಗಾಗಿ ಎಲ್ಲಿ ತಡೆಯಬೇಕು, ಎಲ್ಲಿ ಓಡಬೇಕು ಎಂಬುದೆಲ್ಲ ನಟರ ಕೈಯಲ್ಲೇ. ಗೋಡೆಯ ಕಡೆ ತಗ್ಗಿಸಿಟ್ಟ ಒಂದು ಮೈಕಿತ್ತು. ಎಷ್ಟು ನೂಕುನುಗ್ಗಲಾದರೂ ಅದರ ಹತ್ತಿರ ಇನೆಕಿಚಿಯ ಹೊರತು ಬೇರೆ ಯಾರೂ ಹೋಗುತ್ತಿರಲಿಲ್ಲ. ಅದು ಕುಳ್ಳಗಿದ್ದ ಮಿನೆಕೊ ಅವರ ಮೈಕು.

ಚಿಗುಸಾ ಮೊದಲ ದಿನ ಎಲ್ಲರಿಗೂ ಬಗ್ಗಿ ಬಗ್ಗಿ ನಮಸ್ಕಾರ ಮಾಡಿ, ಕಿರಿಯರು ಕೂರುವ ಬಾಗಿಲ ಪಕ್ಕದ ಕುರ್ಚಿಯಲ್ಲಿ ಕೂತಳು. ಕಥೆಗೆ ನಾಯಕನಾದರೇನು, ಆ ದಪ್ಪ ಬಾಗಿಲನ್ನು ತೆರೆದು ಮುಚ್ಚುವ ಕೆಲಸ ಅವಳದೇ. ಹಿರಿಯರ ನಡುವೆ ತಾತನ ಪಾತ್ರದ ಕುರೊಸೆ ಕೂತಿದ್ದರು. ಎಷ್ಟೋ ವರ್ಷ ತಾತನಾಗಿದ್ದು ಆಗಿದ್ದು, ಈಗ ನಿಜಕ್ಕೂ ತಾತನೇ ಆಗಿಬಿಟ್ಟಿದ್ದರು. ಎಲ್ಲರೂ ಅವರನ್ನು ಅಜ್ಜ ಎಂದೇ ಕರೆಯುತ್ತಿದ್ದರು. ಕೊನೆಯ ದೃಶ್ಯ ಬಂತು. ಕುರೊಸೆ ತಮ್ಮ ಪೆದ್ದು ಮಾತು ಹೇಳಿ ಒಂದು ಗಳಿಗೆ ತಡೆದರು. ಚಿಗುಸಾ ತಗ್ಗಿನ ಮೈಕಿನ ಮುಂದೆ ಮಂಡಿ ಬಗ್ಗಿಸಿ ನಿಂತು, ಉಸಿರು ತೊಡರಿಸಿ, ನಕ್ಕಳು. ರೆಕಾರ್ಡಿಂಗಿನ ಕೆಂಪು ದೀಪ ಆರಿತು. ಕುರೊಸೆ ಅವಳ ಕಡೆ ನೋಡಲಿಲ್ಲ, ಮೈಕಿನ ಕಡೆ ನೋಡಿದರು.

"ಬಂದ್ಯಾ?" ಎಂದರು.

ತನ್ನನ್ನೇ ಕೇಳಿದರೆಂದುಕೊಂಡು ಚಿಗುಸಾ, "ಬಂದೆ ಅಜ್ಜ, ಬೆಳಿಗ್ಗೇನೇ ಬಂದಿದೀನಿ," ಎಂದಳು. ಎಲ್ಲರೂ ನಕ್ಕರು. ಕುರೊಸೆ ಬೆಚ್ಚಿದವರಂತೆ ಅವಳನ್ನು ನೋಡಿ ತಾವೂ ನಕ್ಕರು.

ಜನ ಒಪ್ಪಿಕೊಂಡರು. ಒಪ್ಪಿಕೊಂಡರು ಎನ್ನುವುದಕ್ಕಿಂತ, ಅವರಿಗೆ ಏನೂ ಗೊತ್ತಾಗಲೇ ಇಲ್ಲ. ಒಂದೇ ಒಂದು ಹೊಸದಾಯಿತು. ಚಿಗುಸಾಳ ತೊಡರು ಮಿನೆಕೊ ಅವರದಕ್ಕಿಂತ ಒಂದು ಕೂದಲಷ್ಟು ಸ್ಪಷ್ಟವಾಗಿತ್ತೋ ಏನೋ, ಮಕ್ಕಳು ಅದನ್ನು ಹಿಡಿದುಕೊಂಡರು. ಸುಜುವನ್ನು ಕರೆತರಲು ಶಾಲೆಗೆ ಹೋದ ಒಂದು ಮಧ್ಯಾಹ್ನ ಚಿಗುಸಾ ಬಯಲಿನಲ್ಲಿ ಕಂಡಳು: ಹಳದಿ ಟೋಪಿಯ ಪುಟಾಣಿಗಳು ಸಾಲಾಗಿ ನಿಂತು, ಎದೆಗೆ ಕೈ ಇಟ್ಟುಕೊಂಡು, ಹ್ಕ್ ಎಂದು ಉಸಿರು ಕಟ್ಟಿ, ಆಮೇಲೆ ಬಿದ್ದು ಬಿದ್ದು ನಗುತ್ತಿವೆ. ಯಾರು ಹೆಚ್ಚು ಹೊತ್ತು ತೊಡರುತ್ತಾರೆ ಎಂದು ಪಂದ್ಯ. ಗೆದ್ದವಳು ಸುಜು. ಅಮ್ಮನಿಗೆ ಹೆಮ್ಮೆಯಾಯಿತು, ಸುಳ್ಳೇಕೆ ಹೇಳಬೇಕು. ತನ್ನ ಕಸುಬು ಹೀಗೆ ಮೈದಾನಕ್ಕಿಳಿದು ಕುಣಿಯುವುದನ್ನು ಅವಳು ಯಾವತ್ತೂ ನೋಡಿರಲಿಲ್ಲ.

ಆಗಸ್ಟ್ ಬಂತು. ಸತ್ತವರು ಮನೆಗೆ ಬಂದು ಹೋಗುವ ದಿನಗಳು. ಮಿನೆಕೊ ಅವರಿಗೆ ಅದು ಮೊದಲ ವರ್ಷ. ಪಾತ್ರವನ್ನು ಪಡೆದುಕೊಂಡವಳು ಒಂದು ಊದುಬತ್ತಿಯನ್ನಾದರೂ ಹಚ್ಚಿ ಬರದಿದ್ದರೆ ಹೇಗೆ ಎಂದು ಚಿಗುಸಾ ಸಿಹಿಯ ಪೊಟ್ಟಣ ಹಿಡಿದು ಅವರ ಮನೆಗೆ ಹೋದಳು. ಬಾಗಿಲು ತೆರೆದದ್ದು ಮಿನೆಕೊ ಅವರ ತಂಗಿ ಶಿಜುಯೆ. ಅಕ್ಕನ ಹಾಗೆಯೇ ಕುಳ್ಳಗೆ, ಚುರುಕಾಗಿ ಇದ್ದ ಹೆಂಗಸು. ಒಳಗೆ ಪಟದ ಮುಂದೆ ಬಿಳಿ ದೀಪ, ಹಣ್ಣು, ಕಡ್ಡಿ ಚುಚ್ಚಿ ನಿಲ್ಲಿಸಿದ ಸೌತೆಕಾಯಿಯ ಕುದುರೆ, ಬದನೆಕಾಯಿಯ ಹಸು. ಕುದುರೆ ಬರುವುದಕ್ಕೆ, ಹಸು ನಿಧಾನಕ್ಕೆ ಹೋಗುವುದಕ್ಕೆ. ಚಿಗುಸಾ ಕೈಮುಗಿದು ಎದ್ದಳು. ಶಿಜುಯೆ ತಣ್ಣಗಿನ ಚಹಾ ತಂದಿಟ್ಟು, ಹವೆಯ ಬಗ್ಗೆ ಎರಡು ಮಾತಾಡಿದಳು.

"ಒಂದು ಮಾತು ಕೇಳ್ತೀನಿ, ಬೇಜಾರು ಮಾಡ್ಕೋಬೇಡಿ," ಎಂದಳು ಕೊನೆಗೆ. "ಆ ಉಸಿರನ್ನ ಯಾಕೆ ಹಾಕ್ತೀರಿ?"

ಯಾವ ಉಸಿರು ಎಂದು ಕೇಳುವ ಅಗತ್ಯ ಚಿಗುಸಾಳಿಗೆ ಇರಲಿಲ್ಲ. ಅದು ಇನೆಕಿಚಿಯ ನಗುವಲ್ಲವೇ, ಅವರು ಹಾಗೇ ನಗುತ್ತಿದ್ದರಲ್ಲ ಎಂದಳು.

"ಇನೆಕಿಚಿ ಹಾಗೆ ನಗ್ತಿರ್ಲಿಲ್ಲ ಕಣಮ್ಮ. ನಲ್ಲಿ ಬಿಟ್ಟ ಹಾಗೆ ನಗ್ತಿದ್ದ. ಹಳೇದು ಹಾಕಿ ನೋಡಿ. ಅದು ಅಕ್ಕನ ಶ್ವಾಸಕೋಶ ಕೆಟ್ಟ ಮೇಲೆ ಬಂದದ್ದು. ಒಂದು ನಗು ನಗೋಕೆ ಅಷ್ಟು ಸಂಕಟ ಪಡ್ತಿದ್ಳು. ರೆಕಾರ್ಡಿಂಗ್ ಮುಗಿಸಿ ಬಂದು, ಈ ಮೆಟ್ಟಿಲ ಮೇಲೇ ಕೂತು, ಚಪ್ಪಲಿ ಬಿಚ್ಚೋಕೂ ಆಗದೆ ಹ್ಕ್ ಹ್ಕ್ ಅಂತಿದ್ಳು. ನೀವು ಅದನ್ನ ಅಷ್ಟು ಚೆನ್ನಾಗಿ ಕಲ್ತಿದೀರಿ."

ಶಿಜುಯೆಯ ದನಿಯಲ್ಲಿ ಸಿಟ್ಟಿರಲಿಲ್ಲ. ಇದ್ದಿದ್ದರೆ ಚಿಗುಸಾಳಿಗೆ ಸುಲಭವಾಗುತ್ತಿತ್ತು. ಭಾನುವಾರ ಸಂಜೆ ತಾನು ಕಿಟಕಿಗಳನ್ನೆಲ್ಲ ಮುಚ್ಚಿಕೊಂಡು ಕೂರುತ್ತೇನೆ, ಪಕ್ಕದ ಮನೆಯ ಟೀವಿಯಿಂದಲೂ ಕೇಳುತ್ತದೆ, ಈಗ ರಸ್ತೆಯಲ್ಲಿ ಮಕ್ಕಳೂ ಹಾಗೇ ಮಾಡುತ್ತವೆ ಎಂದು ಶಿಜುಯೆ ಹೇಳಿದಳು. ನಾಳೆ ಹಸುವನ್ನು ಕಳಿಸುವ ದಿನ, ಆದರೆ ವಾರವಾರವೂ ಕರೆಸಿಕೊಳ್ಳುತ್ತಿದ್ದರೆ ಅಕ್ಕ ಹೊರಡುವುದಾದರೂ ಹೇಗೆ ಎಂದು ಬದನೆಕಾಯಿಯನ್ನು ನೋಡುತ್ತ ಕೇಳಿದಳು.

ಚಿಗುಸಾ ಮನೆಗೆ ಬಂದು ಹಳೆಯ ಕಂತುಗಳನ್ನು ಹಾಕಿದಳು. ಇನೆಕಿಚಿ ನಲ್ಲಿ ಬಿಟ್ಟ ಹಾಗೆ ನಗುತ್ತಿದ್ದ. ಒಂದರ ಮೇಲೊಂದು ನೋಡುತ್ತ ಹೋದಂತೆ ಅವಳಿಗೆ ನಾಚಿಕೆಯಾಯಿತು, ಆಮೇಲೆ ಹೆದರಿಕೆಯಾಯಿತು. ಪ್ರೇಕ್ಷಕರಿಗೆ ಮೋಸವಾಗಬಾರದೆಂದು ಅವಳು ಸಾಯುತ್ತಿದ್ದ ಹೆಂಗಸೊಬ್ಬಳ ಸಂಕಟವನ್ನು ಅಚ್ಚುಕಟ್ಟಾಗಿ ಬಾಯಿಪಾಠ ಮಾಡಿ, ದೇಶದ ಮಕ್ಕಳಿಗೆಲ್ಲ ಹಂಚಿದ್ದಳು.

ಮುಂದಿನ ರೆಕಾರ್ಡಿಂಗಿನಲ್ಲಿ ಅವಳು ತೊಡರನ್ನು ಬಿಟ್ಟು ನಕ್ಕಳು. ಒಬಾಟಾ ಗಾಜಿನಾಚೆಯಿಂದ ಚೆನ್ನಾಗಿದೆ ಎಂದ. ಕೇಳಿಸಿ ಎಂದಳು. ಕೇಳಿಸಿದರೆ, ತೊಡರು ಇತ್ತು. ನಾನು ಹಾಕಲಿಲ್ಲ ಎಂದರೆ ಯಾರೂ ನಂಬಲಿಲ್ಲ. ಅಭ್ಯಾಸಬಲ, ಗೊತ್ತಾಗದೆ ಬಂದಿರುತ್ತದೆ ಎಂದರು. ಇನ್ನೊಮ್ಮೆ ನಕ್ಕಳು. ಮತ್ತೆ ಇತ್ತು. ಉಸಿರನ್ನು ಮೊದಲೇ ತುಂಬಿಕೊಂಡು, ತುಟಿ ಬಿಗಿಹಿಡಿದು, ಪಕ್ಕದಲ್ಲಿ ಒಬ್ಬಳನ್ನು ನಿಲ್ಲಿಸಿಕೊಂಡು ನಕ್ಕಳು. ಪಕ್ಕದವಳಿಗೆ ಏನೂ ಕೇಳಲಿಲ್ಲ, ಯಂತ್ರದೊಳಗೆ ಕೇಳಿತು. ಆಗ ನಟರ ಮಾತು ಕಡಿಮೆಯಾಯಿತು.

ಒಬಾಟಾ ಆ ಚೂರನ್ನು ಯಂತ್ರದಲ್ಲೇ ಕತ್ತರಿಸಿ ಹಾಕಿಸಿದ. ಆ ಕಂತು ಬಂದ ಭಾನುವಾರ ಚಾನೆಲ್ಲಿನವರ ಫೋನು ಪುರುಸೊತ್ತಿಲ್ಲದೆ ಹೊಡೆದುಕೊಂಡಿತಂತೆ. ಇನೆಕಿಚಿಗೆ ಹುಷಾರಿಲ್ಲವೇ, ನಗು ಯಾಕೆ ಸತ್ತಂತಿದೆ ಎಂದು ತಾಯಂದಿರು ಕೇಳಿದರಂತೆ. ಮತ್ತೆ ಅದನ್ನು ಸೇರಿಸಿದರು. ಹತ್ತಿರದ ದೇವಾಲಯದ ಪೂಜಾರಿಯನ್ನು ಕರೆಸಿ ನೆಲಮಾಳಿಗೆಯನ್ನು ಶುದ್ಧ ಮಾಡಿಸಿದರು. ಆತ ಬಿಳಿ ಕಾಗದದ ಕುಚ್ಚು ಕಟ್ಟಿದ ಕೋಲು ಆಡಿಸಿ ಹೋದ ಮೇಲೂ ತೊಡರು ಬಂತು. ಹಿರಿಯ ನಟಿಯೊಬ್ಬಳಿಗೆ ಒಂದು ಮಾತು ಹೊಳೆಯಿತು. ಯಾರದಾದರೂ ಪಾತ್ರ ಮುಗಿದ ದಿನ ಹೂಗುಚ್ಛ ಕೊಟ್ಟು, ಚಪ್ಪಾಳೆ ತಟ್ಟಿ, ಇಷ್ಟು ದಿನ ದಣಿದಿರಿ ಎಂದು ಕಳಿಸಿಕೊಡುವುದು ಇವರ ಪದ್ಧತಿ. ಮಿನೆಕೊ ಅವರಿಗೆ ಅದಾಗಿರಲಿಲ್ಲ, ಪಾತ್ರ ಮುಗಿದಿರಲಿಲ್ಲವಲ್ಲ. ಸರಿ, ತಗ್ಗಿನ ಮೈಕಿನ ಮುಂದೆ ಹೂವಿಟ್ಟು ಎಲ್ಲರೂ ಚಪ್ಪಾಳೆ ತಟ್ಟಿದರು, ಕೆಲವರು ಅತ್ತರು. ಚಿಗುಸಾಳೂ ಅತ್ತು, ಇಲ್ಲಿಗೆ ಮುಗಿಯಿತು ಎಂದುಕೊಂಡು ಹಗುರಾದಳು. ಮುಂದಿನ ವಾರ ತೊಡರು ಮೊದಲಿಗಿಂತ ಸ್ಪಷ್ಟವಾಗಿತ್ತು.

ಇಷ್ಟೇ ಆಗಿದ್ದರೆ ಅವಳು ಹೇಗೋ ಹೊಂದಿಕೊಳ್ಳುತ್ತಿದ್ದಳು. ದೆವ್ವದ ಜೊತೆ ಕೆಲಸ ಮಾಡುವುದು ಕೆಲವು ಸಹನಟರ ಜೊತೆ ಮಾಡುವುದಕ್ಕಿಂತ ಸಲೀಸು ಎಂದು ತಮಾಷೆಯನ್ನೂ ಮಾಡಿದ್ದಳು. ಆದರೆ ಒಂದು ಶನಿವಾರ ರೈಲಿನಲ್ಲಿ ಸುಜು ಅವಳ ಭುಜಕ್ಕೊರಗಿ ನಿದ್ದೆ ಹೋದಳು. ಮಧ್ಯಾಹ್ನದ ಬಿಸಿಲು, ಗಾಡಿಯಲ್ಲಿ ಅಷ್ಟೊಂದು ಜನರಿಲ್ಲ. ಮಗುವಿನ ಉಸಿರು ಕಿವಿಯ ಪಕ್ಕದಲ್ಲೇ ಹೋಗಿ ಬರುತ್ತಿತ್ತು. ಒಮ್ಮೆ ಅದು ನಿಂತಿತು. ಹ್ಕ್ ಎಂದಿತು. ಆಮೇಲೆ ಮುಂದುವರಿಯಿತು. ಸ್ವಲ್ಪ ಹೊತ್ತಿಗೆ ಮತ್ತೆ ನಿಂತಿತು. ಈ ಸಲ ಹೆಚ್ಚು ಹೊತ್ತು. ಎದುರು ಸೀಟಿನಲ್ಲಿ ಯಾರದೋ ಮಗು ಗಾಡಿಯ ಕಿಟಕಿಗೆ ಮೂಗೊತ್ತಿಕೊಂಡು ನಿಂತಿತ್ತು. ಅದೂ ಹ್ಕ್ ಎಂದಿತು.

ಮನೆಗೆ ಬಂದು ಮಗಳನ್ನು ಕೂರಿಸಿಕೊಂಡು, ಆ ಆಟ ಸಾಕು, ಇನ್ನು ಆಡಬೇಡ ಎಂದಳು.

"ನಾನು ಆಡ್ತಾ ಇಲ್ಲಮ್ಮ," ಎಂದಳು ಸುಜು. "ಮೊದ್ಲು ಆಡ್ತಿದ್ದೆ. ಈಗ ಅದೇ ಬರುತ್ತೆ. ನಗೋಕೆ ಹೋದ್ರೆ ಇಲ್ಲಿ ಯಾರೋ ಹಿಡ್ಕೋತಾರೆ." ಎದೆಯ ಮೇಲೆ ಕೈ ಇಟ್ಟು ತೋರಿಸಿದಳು.

ಡಾಕ್ಟರು ಎದೆಗೆ ಕೊಳವೆ ಇಟ್ಟರು, ಚಿತ್ರ ತೆಗೆಸಿದರು, ಏನೂ ಇಲ್ಲ ಎಂದರು. ಈಚೆಗೆ ಇಂಥ ಮಕ್ಕಳು ಬಹಳ ಬರುತ್ತಿವೆ, ಯಾವುದೋ ಟೀವಿ ಕಾರ್ಯಕ್ರಮದ ಅನುಕರಣೆಯಂತೆ, ತಾನಾಗಿ ಹೋಗುತ್ತದೆ ಎಂದು ನಕ್ಕು ಕಳಿಸಿದರು. ಆ ಕಾರ್ಯಕ್ರಮ ನಾನೇ ಎಂದು ಹೇಳಲು ಚಿಗುಸಾಳಿಗೆ ಬಾಯಿ ಬರಲಿಲ್ಲ. ಸುಜು ನಗುವುದನ್ನು ಕಡಿಮೆ ಮಾಡಿದಳು. ಕಚಗುಳಿ ಇಟ್ಟರೆ ಕೈ ತಳ್ಳಿ ದೂರ ಹೋಗುತ್ತಿದ್ದಳು. ಆರು ವರ್ಷದ ಚಿತ್ರದ ಹುಡುಗನೊಬ್ಬ ನಗಲಿ ಎಂದು ತನ್ನ ಎಂಟು ವರ್ಷದ ನಿಜವಾದ ಮಗಳು ನಗುವುದನ್ನು ಬಿಡುವುದೇ? ಚಿಗುಸಾಳಿಗೆ ಸತ್ತವರ ಮೇಲೆ ಮೊದಲ ಬಾರಿಗೆ ಸಿಟ್ಟು ಬಂತು.

ಮುಂದಿನ ರೆಕಾರ್ಡಿಂಗಿಗೆ ಅವಳು ಒಂದು ನಿಶ್ಚಯ ಮಾಡಿಕೊಂಡು ಹೋದಳು. ಯಾರದು ಈ ಉಸಿರು ಎಂದು ನೋಡಿಯೇಬಿಡಬೇಕು. ಕೊನೆಯ ದೃಶ್ಯ ಬಂದಾಗ ಅವಳು ಕುರ್ಚಿ ಬಿಟ್ಟು ಏಳಲಿಲ್ಲ. ತಗ್ಗಿನ ಮೈಕಿನ ಮುಂದೆ ಯಾರೂ ಇರಲಿಲ್ಲ. ಕುರೊಸೆ ತಾತನ ಮಾತು ಹೇಳಿದರು. ಹೇಳಿ, ತಡೆದರು. ಎಲ್ಲರೂ ಚಿಗುಸಾಳ ಕಡೆ ತಿರುಗಿದರು. ಕುರೊಸೆ ಮಾತ್ರ ತಿರುಗಲಿಲ್ಲ. ಆ ಖಾಲಿ ಗಳಿಗೆಯಲ್ಲಿ, ಖಾಲಿ ಮೈಕಿನ ಮುಂದೆ, ಹ್ಕ್ ಎಂದಿತು. ಈ ಸಲ ಯಂತ್ರದೊಳಗಲ್ಲ, ಕೋಣೆಯಲ್ಲೇ, ಎಲ್ಲರಿಗೂ ಕೇಳುವಂತೆ. ಮುದುಕಿಯೊಬ್ಬಳು ಬಹಳ ಕಷ್ಟಪಟ್ಟು ಗಾಳಿ ಎಳೆದುಕೊಂಡ ಸದ್ದು. ಅದರ ಹಿಂದೆ ನಗು ಬರಲಿಲ್ಲ. ಎಳೆದ ಗಾಳಿಗೆ ಹೋಗಲು ದಾರಿಯಿಲ್ಲದೆ ಅದು ಅಲ್ಲೇ ಉಳಿಯಿತು.

ಯಾರೋ ಹಾಳೆ ಕೆಡವಿದರು. ಒಬ್ಬಳು ಬಾಗಿಲ ಕಡೆ ಓಡಿದಳು. ಚಿಗುಸಾ ಮಾತ್ರ ಕುರೊಸೆಯ ಮುಖವನ್ನೇ ನೋಡುತ್ತಿದ್ದಳು. ರೈಲು ನಿಲ್ದಾಣದಲ್ಲಿ ಕಾದವರು ತಮ್ಮವರನ್ನು ಗುಂಪಿನಲ್ಲಿ ಕಂಡಾಗ ಮುಖ ಅರಳುತ್ತದಲ್ಲ, ಹಾಗೆ ಆ ಮುದುಕನ ಮುಖ ಅರಳಿತ್ತು. ಆಗ ಅವಳಿಗೆ ಅರ್ಥವಾಯಿತು. ಉಸಿರು ಬರುತ್ತಿದ್ದದ್ದು ಅವಳ ಗಂಟಲಿಗಲ್ಲ, ಅಜ್ಜ ಬಿಟ್ಟುಕೊಡುತ್ತಿದ್ದ ಆ ಗಳಿಗೆಗೆ. ಹಳೆಯ ಕಂತುಗಳಲ್ಲಿ ಆ ತಡೆ ಇರಲೇ ಇಲ್ಲ. ಮಿನೆಕೊ ಅವರಿಗೆ ಉಸಿರು ಸಾಲದಾದಾಗ ಅವರು ಸಾವರಿಸಿಕೊಳ್ಳಲಿ ಎಂದು ಕುರೊಸೆ ತಮ್ಮ ಮಾತಿನ ಕೊನೆಗೆ ಅಷ್ಟು ಜಾಗ ಬಿಡಲು ಶುರುಮಾಡಿದ್ದರು. ಆಕೆ ಸತ್ತ ಮೇಲೂ ಬಿಡುವುದನ್ನು ನಿಲ್ಲಿಸಿರಲಿಲ್ಲ.

ಒಬಾಟಾ ಎಲ್ಲರಿಗೂ ಹೊರಗೆ ಹೋಗಿ ಬನ್ನಿ ಎಂದ. ಕೋಣೆಯಲ್ಲಿ ಚಿಗುಸಾ, ಕುರೊಸೆ ಇಬ್ಬರೇ ಉಳಿದರು. ಚಿಗುಸಾ ಎದುರಿಗೆ ಹೋಗಿ ಮಂಡಿಯೂರಿ ಕೂತಳು. ಕಿರಿಯಳು ಹಿರಿಯರಿಗೆ ಆಡುವ ಮಾತಲ್ಲ, ಆದರೂ ಆಡಿದಳು.

"ಅಜ್ಜ, ನೀವು ಕಾಯ್ತೀರಿ. ಅದಕ್ಕೇ ಅವರು ಬರ್ತಾರೆ."

"ಗೊತ್ತು," ಎಂದರು ಕುರೊಸೆ.

"ಬಂದಾಗೆಲ್ಲ ಅವರಿಗೆ ನೋವಾಗುತ್ತೆ. ಅದು ನಗುವಿನ ಉಸಿರಲ್ಲ. ಸಂಕಟದ್ದು."

"ಅದೂ ಗೊತ್ತು. ಪಕ್ಕದಲ್ಲೇ ನಿಂತಿರ್ತಿದ್ದೆನಲ್ಲ, ನನಗಿಂತ ಯಾರಿಗೆ ಗೊತ್ತು." ಅವರು ತಮ್ಮ ಕೈಗಳನ್ನು ನೋಡಿಕೊಂಡರು. "ಅಂತ್ಯಕ್ರಿಯೆಗೆ ಕರೀಲಿಲ್ಲ ನನ್ನ. ಪೇಪರಲ್ಲಿ ಓದಿದೆ. ನಿನ್ನ ಕೆಲಸದ ಮೊದಲ ದಿನ ಸುಮ್ನೆ ಅಭ್ಯಾಸಕ್ಕೆ ತಡೆದೆ, ಅವಳು ಬಂದ್ಬಿಟ್ಳು. ಆಮೇಲೆ ಬಿಡೋಕೆ ಆಗ್ಲಿಲ್ಲ ಕಣಮ್ಮ. ವಾರವಿಡೀ ಆ ಒಂದು ಗಳಿಗೆಗೆ ಬದುಕ್ತಿದ್ದೆ. ಅವಳಿಗೆ ನೋವಾದ್ರೂ ಆಗ್ಲಿ, ಬರ್ಲಿ ಅನ್ನಿಸ್ತು. ಅಷ್ಟು ಸ್ವಾರ್ಥಿ ನಾನು."

ಚಿಗುಸಾಳಿಗೆ ಅವರ ಮೇಲೆ ಕನಿಕರವೂ ಆಯಿತು, ಕಪಾಳಕ್ಕೆ ಹೊಡೆಯಬೇಕೆಂದೂ ಅನ್ನಿಸಿತು. ಎರಡನ್ನೂ ನುಂಗಿಕೊಂಡು ರೈಲಿನಲ್ಲಿ ಆದದ್ದನ್ನು ಹೇಳಿದಳು. ನಗೋಕೆ ಹೋದರೆ ಯಾರೋ ಹಿಡಿದುಕೊಳ್ಳುತ್ತಾರೆ ಎಂದು ಮಗಳು ಎದೆ ಮುಟ್ಟಿ ತೋರಿಸಿದ್ದನ್ನೂ, ಈಗ ನಗುವುದನ್ನೇ ಬಿಟ್ಟಿರುವುದನ್ನೂ ಹೇಳಿದಳು. ನಿನ್ನ ಮಗಳಿಗೂ ಬಂದಿತೇ ಎಂದು ಕುರೊಸೆ ತಮಗೇ ಹೇಳಿಕೊಂಡಂತೆ ಕೇಳಿದರು. ಆಮೇಲೆ ಎದ್ದು, ಗಾಜಿನಾಚೆ ಇದ್ದ ಒಬಾಟಾನ ಕಡೆ ತಿರುಗಿ, ಕೊನೆಯ ದೃಶ್ಯವನ್ನು ಇನ್ನೊಮ್ಮೆ ತೆಗೆದುಕೊಳ್ಳೋಣ ಎಂದರು. ಹೊರಗೆ ಹೋದವರನ್ನು ಕರೆಯುವುದು ಬೇಡ ಎಂದರು.

ಕೆಂಪು ದೀಪ ಹತ್ತಿತು. ಚಿಗುಸಾ ತಗ್ಗಿನ ಮೈಕನ್ನು ಮೇಲಕ್ಕೆತ್ತಿ ತನ್ನ ಬಾಯಿಗೆ ಸರಿಮಾಡಿಕೊಂಡಳು. ಕುರೊಸೆ ಅದನ್ನು ನೋಡಿದರು, ಬೇಡ ಎನ್ನಲಿಲ್ಲ. ತಾತನ ಮಾತು ಶುರುವಾಯಿತು. ಈ ಸಲ ಅವರು ಅದನ್ನು ನಿಧಾನವಾಗಿ ಹೇಳಿದರು. ಕೊನೆಗೆ ಬಂದಾಗ ಚಿಗುಸಾಳ ತೋಳು ಹಿಡಿದು ಮುಂದಕ್ಕೆ ದಬ್ಬಿದರು, ತಮ್ಮ ಕೊನೆಯ ಅಕ್ಷರ ಇನ್ನೂ ಬಾಯಲ್ಲಿರುವಾಗಲೇ. ಚಿಗುಸಾ ನಕ್ಕಳು. ಎರಡು ಮಾತು ಒಂದರ ಮೇಲೊಂದು ಬಿದ್ದವು. ಬೇರೆ ದಿನವಾಗಿದ್ದರೆ ಒಬಾಟಾ ನಿಲ್ಲಿಸಿ ಬೈಯುತ್ತಿದ್ದ. ಆರು ವರ್ಷದ ಹುಡುಗನೊಬ್ಬ ತಡೆಯಿಲ್ಲದೆ, ತೊಡರಿಲ್ಲದೆ, ಹೊಟ್ಟೆ ತುಂಬ ನಕ್ಕ. ಅದು ಹಳೆಯ ಕಂತುಗಳ ನಗುವಲ್ಲ, ಕೊನೆಯ ವರ್ಷಗಳ ನಗುವೂ ಅಲ್ಲ. ಅದು ಚಿಗುಸಾಳದು. ತನ್ನ ದನಿಯನ್ನು ಅವಳೇ ಗುರುತು ಹಿಡಿಯಲು ಸ್ವಲ್ಪ ಹೊತ್ತು ಬೇಕಾಯಿತು.

ನಗು ನಿಂತಿತು. ಈಗ ತಾತ ನಗಬೇಕಿತ್ತು. ಕುರೊಸೆ ಬಾಯಿ ತೆರೆದರು, ಮತ್ತೆ ಮುಚ್ಚಿ, ಸಾಕು ಎಂದು ಕೈಯಾಡಿಸಿದರು. ಒಬಾಟಾ ಆ ದೃಶ್ಯವನ್ನು ಮೂರು ಸಲ ಹಾಕಿ ಕೇಳಿಸಿದ. ತೊಡರು ಇರಲಿಲ್ಲ.

ಮೆಟ್ಟಿಲು ಹತ್ತುವಾಗ ಚಿಗುಸಾ ಅಜ್ಜನ ಚೀಲ ಹಿಡಿದುಕೊಂಡಳು. ಹೊರಗೆ ಸಂಜೆಯ ಬೆಳಕು ಇನ್ನೂ ಇತ್ತು. ಭಾರ ಇಳಿದ ಖುಷಿಗೆ ಅವಳು ಏನೋ ಒಂದು ತಮಾಷೆ ಮಾಡಿದಳು. ಅಜ್ಜ, ಅಷ್ಟು ಜೋರಾಗಿ ದಬ್ಬಿದಿರಲ್ಲ, ಮೈಕು ಮುರಿದಿದ್ದರೆ ನಿಮ್ಮ ತಲೆಗೇ ಕಟ್ಟುತ್ತಿದ್ದರು ಎಂದಳು. ಕುರೊಸೆ ನಗಲು ಹೋದರು. ಅವರ ಉಸಿರು ತೊಡರಿತು. ಹ್ಕ್ ಎಂದು ನಿಂತು, ಅವರು ಗೋಡೆ ಹಿಡಿದುಕೊಂಡು, ಆಮೇಲೆ ನಕ್ಕರು.

ಚಿಗುಸಾಳ ಕೈಯಿಂದ ಚೀಲ ಜಾರಿತು.

"ಹೆದರಬೇಡ," ಎಂದರು ಕುರೊಸೆ. "ಅವಳು ಎಲ್ಲಿಗೆ ಹೋಗಬೇಕು ಹೇಳು? ಮೈಕಿನ ಹತ್ರ ಜಾಗ ಇಲ್ಲ ಅಂತ ಆಯ್ತು. ಮಕ್ಕಳ ಹತ್ರ ಬೇಡ. ಇರ್ಲಿ, ನನ್ನ ಹತ್ರ ಇರ್ಲಿ. ನನಗೇನು, ಇನ್ನು ಎಷ್ಟು ನಗೋದಿದೆ."

ಅವರು ಅವಳ ಕೈಯಿಂದ ಬಿದ್ದ ಚೀಲವನ್ನು ತಾವೇ ಎತ್ತಿಕೊಂಡು, ಇವತ್ತು ದಣಿದೆಯಮ್ಮ, ಮನೆಗೆ ಹೋಗು ಎಂದು ನಿಲ್ದಾಣದ ಕಡೆ ನಡೆದರು.

ಮರುದಿನ ಅವರು ಒಬಾಟಾನಿಗೆ ಫೋನು ಮಾಡಿ, ತಾತನಿಗೆ ವಯಸ್ಸಾಯಿತು, ಇನ್ನು ಮೇಲೆ ಅವನ ಮಾತಿರಲಿ, ನಗು ಬೇಡ, ಬರೆಯುವವರಿಗೆ ಹೇಳಿಬಿಡಿ ಎಂದರಂತೆ. ಒಬಾಟಾ ಕಾರಣ ಕೇಳಲಿಲ್ಲ. ಆ ಕಂತು ಬಂದ ಭಾನುವಾರ ಒಂದೆರಡು ಫೋನು ಬಂದವು, ಆಮೇಲೆ ನಿಂತವು. ಹೊಸ ನಗುವಿಗೆ ಜನ ಹೊಂದಿಕೊಂಡರು. ಶಾಲೆಯ ಬಯಲಿನಲ್ಲಿ ಎದೆಗೆ ಕೈ ಇಟ್ಟುಕೊಳ್ಳುವ ಆಟ ತಾನಾಗಿ ಮರೆತುಹೋಗಿ, ಇನ್ನಾವುದೋ ಹುಚ್ಚು ಶುರುವಾಯಿತು.

ಸುಜುವಿಗೆ ಮಾತ್ರ ಗಮನವಿತ್ತು. ಶರತ್ಕಾಲದ ಒಂದು ಭಾನುವಾರ, ಅಮ್ಮನ ಪಕ್ಕದಲ್ಲಿ ಸುಲಿದ ಕಿತ್ತಳೆ ತಿನ್ನುತ್ತ, ಕೊನೆಯ ದೃಶ್ಯ ಬಂದಾಗ ಕಣ್ಣು ತೆಗೆಯದೆ ಟೀವಿಯನ್ನೇ ನೋಡುತ್ತಿದ್ದಳು. ಜಗುಲಿಯ ಮೇಲೆ ಇನೆಕಿಚಿ ನಗುತ್ತಿದ್ದ. ತಾತ ಸುಮ್ಮನೆ ಅವನನ್ನು ನೋಡುತ್ತ ಕೂತಿದ್ದ.

"ಅಮ್ಮಾ, ತಾತ ಯಾಕೆ ಈಗೀಗ ನಗೋದೇ ಇಲ್ಲ?"

"ನೀನು ನಗ್ತೀಯಲ್ಲ, ಅದಕ್ಕೆ," ಎಂದಳು ಚಿಗುಸಾ.

ಇದೆಂಥ ಉತ್ತರ ಎಂದು ಸುಜು ಬಾಯಿಯ ತುಂಬ ಕಿತ್ತಳೆ ಇಟ್ಟುಕೊಂಡೇ ನಕ್ಕಳು. ಚಿಗುಸಾ ಮೈಯೆಲ್ಲ ಕಿವಿಯಾಗಿ ಕೇಳಿದಳು. ನಗು ಎಲ್ಲೂ ತಡೆಯಲಿಲ್ಲ. ಅವಳು ಮಗಳಿಗೆ ಕಾಣದ ಹಾಗೆ, ಬಾಯಿ ಮುಚ್ಚಿಕೊಂಡು ಕೂತಿದ್ದ ಆ ಚಿತ್ರದ ಮುದುಕನಿಗೆ ತಲೆ ಬಾಗಿಸಿದಳು.